ಘರ್ಷಣೆಯನ್ನು ಅಳೆದ ಕೂಲಂಬ್

ವಿಜ್ಞಾನದ ಪಾಠ ಕೇಳಿದವರಿಗೆಲ್ಲ ಕೂಲಂಬ್ ಎಂಬ ಹೆಸರು ವಿದ್ಯುತ್ತಿನ ಅಧ್ಯಾಯದಲ್ಲಿ ಪರಿಚಯವಾಗಿರುತ್ತದೆ. ನಿಯಮವನ್ನು ಬಾಯಿಪಾಠ ಮಾಡುತ್ತೇವೆ, ಪರೀಕ್ಷೆ ಮುಗಿದೊಡನೆ ಮರೆಯುತ್ತೇವೆ. ಆದರೆ ಈ ಫ್ರೆಂಚ್ ಮಹಾಶಯನು ವೃತ್ತಿಯಿಂದ ಕೋಟೆ ಕಟ್ಟುವ ಸೈನ್ಯದ ಇಂಜಿನಿಯರು. ಮಣ್ಣೇಕೆ ಕುಸಿಯುತ್ತದೆ, ಕಲ್ಲೇಕೆ ಸೀಳುತ್ತದೆ, ಒಂದರ ಮೇಲೊಂದು ಇಟ್ಟ ವಸ್ತು ಏಕೆ ಜಾರದೆ ನಿಲ್ಲುತ್ತದೆ ಎಂಬ ಪ್ರಶ್ನೆಗಳೇ ಅವನನ್ನು ಮೊದಲು ಕಾಡಿದವು.

ಶಾರ್ಲ್ ಆಗಸ್ಟಿನ್ ದ ಕೂಲಂಬನು 1736ನೆಯ ಜೂನ್ 14ರಂದು ಅಂಗುಲೇಮ್ ನಗರದಲ್ಲಿ ಜನಿಸಿದನು. ತಂದೆ ಹಣವನ್ನು ವ್ಯವಹಾರದಲ್ಲಿ ಕಳೆದುಕೊಂಡನು. ಮಗನು ವೈದ್ಯನಾಗಲೆಂದು ತಾಯಿಯ ಹಟ. ಮಗನು ಗಣಿತವನ್ನು ಹಿಡಿದನು. ತಾಯಿ ಅವನನ್ನು ದೂರಮಾಡಿದಳು. ಮೆಜಿಯೇರ್‌ನ ಇಂಜಿನಿಯರಿಂಗ್ ಶಾಲೆಯಲ್ಲಿ ಕಲಿತು, 1764ರಲ್ಲಿ ಮಾರ್ಟಿನೀಕ್ ದ್ವೀಪಕ್ಕೆ ಹೋಗಿ, ಎಂಟು ವರ್ಷ ಅಲ್ಲಿ ಬೂರ್ಬೋನ್ ಕೋಟೆಯನ್ನು ಕಟ್ಟಿಸಿದನು. 1772ರಲ್ಲಿ ಹಿಂದಿರುಗಿದಾಗ ಅವನ ಆರೋಗ್ಯ ಕೆಟ್ಟಿತ್ತು. ಆದರೆ ಕೈಯಲ್ಲಿ ಒಂದು ಪ್ರಬಂಧವಿತ್ತು.

1773ರಲ್ಲಿ ಪ್ಯಾರಿಸ್ಸಿನ ವಿಜ್ಞಾನ ಅಕಾಡೆಮಿಯ ಮುಂದೆ ಓದಿದ ಆ ಪ್ರಬಂಧದ ತಿರುಳನ್ನು ತಿಳಿಯಲು ನಾವು ದೂರ ಹೋಗಬೇಕಿಲ್ಲ. ಮುಳ್ಳೂರಿನ ಬಳಿ ಕಾವೇರಿಯ ದಡದಲ್ಲಿ ಒಣಮರಳನ್ನು ಸುರಿಯುತ್ತ ಹೋಗಿರಿ. ರಾಶಿ ಬೆಳೆಯುತ್ತದೆ, ಇಳಿಜಾರು ಮಾತ್ರ ಹೆಚ್ಚು ಕಡಿದಾಗುವುದಿಲ್ಲ; ಮಿತಿ ಮೀರಿದೊಡನೆ ಮರಳು ಜಾರುತ್ತದೆ. ಜಿಗುಟಾದ ಮಣ್ಣಾದರೋ ಗೋಡೆಯಂತೆ ನೆಟ್ಟಗೆ ನಿಲ್ಲಬಲ್ಲದು. ಕುಸಿತವನ್ನು ತಡೆಯುವ ಬಲದಲ್ಲಿ ಎರಡು ಭಾಗಗಳಿವೆ ಎಂದು ಕೂಲಂಬನು ತೋರಿಸಿದನು. ಒಂದು ಕಣಗಳ ಅಂಟು, ಇನ್ನೊಂದು ಮೇಲಿನ ಒತ್ತಡ ಹೆಚ್ಚಿದಂತೆ ಹೆಚ್ಚುವ ಘರ್ಷಣೆ. ಇಂದಿಗೂ ಮಣ್ಣಿನ ತಡೆಗೋಡೆ ಕಟ್ಟುವವರೂ, ಒಂದು ಭೂಕಂಪದ ನಂತರ ಮುಂದಿನ ಕಂಪನ ಎಲ್ಲಿ ಸಂಭವಿಸಬಹುದೆಂದು ಲೆಕ್ಕ ಹಾಕುವವರೂ ಈ ಸೂತ್ರದಿಂದಲೇ ಆರಂಭಿಸುತ್ತಾರೆ.

ಆಮೇಲೆ ರೋಶ್ಫೋರ್ ಬಂದರಿನ ಹಡಗುಕಟ್ಟೆಯಲ್ಲಿ ಅವನು ಘರ್ಷಣೆಯ ಅಳತೆಗೆ ಕೈಹಾಕಿದನು. ಘರ್ಷಣೆಯು ಭಾರಕ್ಕೆ ತಕ್ಕಂತೆ ಹೆಚ್ಚುತ್ತದೆಂದು 1699ರಲ್ಲೇ ಅಮಂತೋನ್ ಹೇಳಿದ್ದನು. ಕೂಲಂಬನು ಅದನ್ನು ದೊಡ್ಡ ಭಾರಗಳಿಂದ ಪರೀಕ್ಷಿಸಿ, 1781ರಲ್ಲಿ ಅಕಾಡೆಮಿಯ ಬಹುಮಾನ ಗೆದ್ದನು. ಪಠ್ಯಪುಸ್ತಕಗಳು ಇಲ್ಲಿಗೇ ನಿಲ್ಲಿಸುತ್ತವೆ. ನನ್ನ ಮಟ್ಟಿಗೆ ಅದು ಅನ್ಯಾಯ. ಏಕೆಂದರೆ ಅವನು ಇನ್ನೊಂದನ್ನೂ ಕಂಡಿದ್ದನು. ಮರದ ಮೇಲೆ ಮರವನ್ನಿಟ್ಟು ಕೆಲಕಾಲ ಬಿಟ್ಟರೆ ಅದನ್ನು ಕದಲಿಸಲು ಬೇಕಾದ ಬಲ ಹೆಚ್ಚುತ್ತ ಹೋಗುತ್ತದೆ. ಕ್ಷಣಗಳಿಂದ ಹಿಡಿದು ದಿನಗಳವರೆಗೆ ಕಾದು ಅವನು ಇದನ್ನು ಅಳೆದನು. ಎರಡು ಕುಂಚಗಳ ಕೂದಲು ಒಂದರೊಳಗೊಂದು ಹೆಣೆದುಕೊಳ್ಳುವಂತೆ ಮೈಯ ಉಬ್ಬುತಗ್ಗುಗಳು ಹೆಣೆದುಕೊಳ್ಳುತ್ತವೆಂದು ಅವನು ಊಹಿಸಿದನು.

ನೆಲದ ಬಿರುಕುಗಳಲ್ಲಿಯೂ ಹೀಗೆಯೇ. ಬಂಡೆಯ ಎರಡು ಮಗ್ಗುಲುಗಳು ಅಂಟಿ ಕುಳಿತು, ವರ್ಷಗಟ್ಟಲೆ ಬಿಗಿಗೊಂಡು, ಥಟ್ಟನೆ ಜಾರಿದರೆ ಅದೇ ಭೂಕಂಪ. ಈ ವಿಚಾರವನ್ನು 1966ರಲ್ಲಿ ಬ್ರೇಸ್ ಮತ್ತು ಬೈಯರ್ಲಿ ಎಂಬುವರು ಮುಂದಿಟ್ಟರು. ಬಂಡೆಯೆಂಬುದು ಒಂದೇ ಹದದ ವಸ್ತುವಲ್ಲ. ಗಟ್ಟಿ ಮೆತ್ತಗಿನ ಕಣಗಳೂ ಕಾಣದ ಬಿರುಕುಗಳೂ ಅದರಲ್ಲಿ ಅಡ್ಡಾದಿಡ್ಡಿ ಸೇರಿರುತ್ತವೆ. ಆದುದರಿಂದ ಯಾವುದು ಯಾವಾಗ ಮುರಿಯುವುದೆಂದು ಹೇಳಲಾಗದು. ಒಟ್ಟು ಲೆಕ್ಕ ಮಾತ್ರ ತಪ್ಪುವುದಿಲ್ಲ. ತೀವ್ರತೆಯ ಅಂಕಿ ಒಂದು ಏರಿದರೆ ಭೂಕಂಪಗಳ ಸಂಖ್ಯೆ ಸುಮಾರು ಹತ್ತರಲ್ಲೊಂದು ಪಾಲಿಗೆ ಇಳಿಯುತ್ತದೆ. ಭೂಮಿಯೊಳಗೆ ಮೂರು ಕಿಲೋಮೀಟರು ಇಳಿದಿದ್ದ ಕೋಲಾರದ ಚಿನ್ನದ ಗಣಿಗಳಲ್ಲಿ, 2001ರಲ್ಲಿ ಅವು ಮುಚ್ಚುವ ಮುನ್ನ, ಒತ್ತಡ ತಾಳದೆ ಬಂಡೆ ಸಿಡಿದು ಎಷ್ಟೋ ಕಾರ್ಮಿಕರು ಮಡಿದರು. ಈ ಶಾಸ್ತ್ರದ ಬೆಲೆ ಅವರ ಮನೆಯವರಿಗೆ ಗೊತ್ತು.

ಕೂಲಂಬನ ಸ್ವಭಾವವೂ ಸುಲಭವಾಗಿ ಜಾರುವಂಥದ್ದಲ್ಲ. ಬ್ರಿಟನಿ ಪ್ರಾಂತ್ಯದ ಕಾಲುವೆಗಳ ಯೋಜನೆಯನ್ನು ಪರೀಕ್ಷಿಸಿ, ಪ್ರಯೋಜನಕ್ಕಿಂತ ಖರ್ಚೇ ಹೆಚ್ಚೆಂದು ವರದಿ ಬರೆದನು. ದೊಡ್ಡವರಿಗೆ ಅದು ಹಿಡಿಸಲಿಲ್ಲ. 1783ರಲ್ಲಿ ಒಂದು ವಾರ ಸೆರೆಮನೆ ಕಂಡನು. ಆದರೂ ಅಭಿಪ್ರಾಯ ಬದಲಿಸಲಿಲ್ಲ. ಕಡೆಗೆ ಪ್ರಾಂತ್ಯದವರೇ ಅವನ ಮಾತನ್ನೊಪ್ಪಿ ಧನ ನೀಡಬಂದಾಗ, ಸೆಕೆಂಡು ತೋರಿಸುವ ಒಂದು ಗಡಿಯಾರವನ್ನಷ್ಟೇ ಸ್ವೀಕರಿಸಿದನೆಂದು ಹೇಳುತ್ತಾರೆ.

ವಿದ್ಯುತ್ತಿನ ಪ್ರಸಿದ್ಧ ಪ್ರಯೋಗ 1785ರದು. ಕ್ರಾಂತಿಯ ಕಾಲದಲ್ಲಿ, 1793ರಲ್ಲಿ ಅಕಾಡೆಮಿಯೇ ರದ್ದಾದಾಗ, ಅವನು ಬ್ಲೋವಾ ಊರಿನ ಬಳಿಯ ತನ್ನ ಜಮೀನಿಗೆ ಹೋಗಿ ನೆಲೆಸಿದನು. ಅನಂತರ ಪ್ಯಾರಿಸ್ಸಿಗೆ ಮರಳಿ, ಮನುಷ್ಯನು ದಿನಕ್ಕೆಷ್ಟು ದುಡಿಯಬಲ್ಲನೆಂಬ ವಿಚಾರವಾಗಿಯೂ ಬರೆದನು. ಮಾರ್ಟಿನೀಕಿನ ಬಿಸಿಲಲ್ಲಿ ಆಳುಗಳು ಫ್ರಾನ್ಸಿನಲ್ಲಿ ಮಾಡುವ ಕೆಲಸದ ಅರ್ಧವನ್ನೂ ಮಾಡಲಾರರೆಂದೂ, ನಡುನಡುವೆ ಬಿಡುವು ಕೊಡಬೇಕೆಂದೂ ಅದರಲ್ಲಿ ತಿಳಿಸಿದ್ದಾನೆ. 1806ನೆಯ ಆಗಸ್ಟ್ 23ರಂದು ಪ್ಯಾರಿಸ್ಸಿನಲ್ಲಿ ತೀರಿಕೊಂಡನು.