ಸರ್ ಆಶುತೋಷ ಮುಖರ್ಜಿಯವರು

ಕಾಲೇಜುಗಳ ಸಂಯೋಜನೆಯನ್ನು ಕುರಿತ ವ್ಯಾಜ್ಯಗಳು ಹೈಕೋರ್ಟಿನ ಮೆಟ್ಟಿಲನ್ನೇರಿದಾಗಲೆಲ್ಲ ನಮಗೆ ಸರ್ ಆಶುತೋಷ ಮುಖರ್ಜಿಯವರ ಸ್ಮರಣೆಯುಂಟಾಗುತ್ತದೆ. 1864ರಲ್ಲಿ ಕಲ್ಕತ್ತೆಯಲ್ಲಿ ಜನಿಸಿ, ಗಣಿತದಲ್ಲಿ ಅಸಾಧಾರಣ ಪಾಂಡಿತ್ಯವನ್ನು ಸಂಪಾದಿಸಿದ ಈ ಮಹನೀಯರು 1904ರಲ್ಲಿ ಅಲ್ಲಿಯ ಹೈಕೋರ್ಟಿನ ನ್ಯಾಯಾಧೀಶರಾದರು. 1906ರಿಂದ ಆ ಪೀಠದಲ್ಲಿದ್ದುಕೊಂಡೇ ವಿಶ್ವವಿದ್ಯಾನಿಲಯದ ವೈಸ್‌ಛಾನ್ಸಲರ ಭಾರವನ್ನೂ ಹೊತ್ತರು.

1904ರ ಕಾನೂನಿನ ಮೇರೆಗೆ ಕಾಲೇಜುಗಳನ್ನು ತನಿಖೆಮಾಡಿ ಅಭಿಪ್ರಾಯ ಕೊಡುವುದಷ್ಟೇ ವಿಶ್ವವಿದ್ಯಾನಿಲಯದ ಪಾಲು. ಸಂಯೋಜನೆಯನ್ನು ಕೊಡುವ, ನಿರಾಕರಿಸುವ ಕಡೆಯ ಆಜ್ಞೆ ಸರ್ಕಾರದ್ದು. ಈ ಕಟ್ಟಿನೊಳಗೇ ಆಶುತೋಷರು ಸ್ನಾತಕೋತ್ತರ ವ್ಯಾಸಂಗವನ್ನು ಕಟ್ಟಿ ಬೆಳೆಯಿಸಿದರು. ರಾಮನ್ನರನ್ನೂ, ಮೈಸೂರಿನಿಂದ ರಾಧಾಕೃಷ್ಣನ್ನರನ್ನೂ ಬರಮಾಡಿಕೊಂಡರು. ಮೈಸೂರು ವಿಶ್ವವಿದ್ಯಾನಿಲಯದ ಪ್ರಥಮ ಘಟಿಕೋತ್ಸವದಲ್ಲಿ, 1918ರಲ್ಲಿ, ಉಪನ್ಯಾಸವಿತ್ತವರೂ ಇವರೇ. ಪರೀಕ್ಷೆಗಳು ಸಡಿಲವಾದುವೆಂಬ ಆಕ್ಷೇಪಣೆಯೂ ಅವರ ಮೇಲೆ ಬಾರದಿರಲಿಲ್ಲ. ಆದರೆ ಆ ವಿಚಾರಣೆ ವಿದ್ವಾಂಸರ ಸಭೆಯಲ್ಲಿ ನಡೆಯತಕ್ಕದ್ದು, ಕಾರ್ಯದರ್ಶಿಗಳ ಕಚೇರಿಯಲ್ಲಲ್ಲವೆಂಬುದೇ ಅವರ ನಿಲುವು.

1922ರಲ್ಲಿ ಬೊಕ್ಕಸ ಬರಿದಾಗಿದ್ದಾಗ ಬಂಗಾಳ ಸರ್ಕಾರವು ಷರತ್ತುಗಳೊಡನೆ ನೀಡಬಂದ ಎರಡೂವರೆ ಲಕ್ಷ ರೂಪಾಯಿಗಳನ್ನು ಅವರು ಒಲ್ಲೆನೆಂದರು. ಮರುವರ್ಷ ಗವರ್ನರಾದ ಲಿಟ್ಟನ್ ಪ್ರಭುಗಳು ಕಟ್ಟುಪಾಡಿನ ಮೇಲೆ ಅದೇ ಅಧಿಕಾರವನ್ನು ಮುಂದುವರಿಸಲು ಬಂದಾಗ ಅದನ್ನೂ ತಿರಸ್ಕರಿಸಿದರು. 1924ರ ಮೇ 25ರಂದು ಪಾಟ್ನಾದಲ್ಲಿ ದಿವಂಗತರಾದರು.

ಎರಡು ಪೀಠಗಳನ್ನೂ ಅಲಂಕರಿಸಿದವರ ಬಾಳಿನಿಂದ ನಾವು ಗ್ರಹಿಸತಕ್ಕದ್ದು ಇಷ್ಟು: ವಿದ್ಯೆಯ ಮಟ್ಟವನ್ನು ಅಳೆಯುವುದು ವಿದ್ವಾಂಸರ ಕೆಲಸ, ಕಾನೂನನ್ನು ಮೀರದೆ, ಎದುರು ಪಕ್ಷದ ಅಹವಾಲನ್ನು ಕೇಳಿ, ದ್ವೇಷವಿಲ್ಲದೆ ಅಳೆದರೇ ಎಂದು ನೋಡುವುದು ನ್ಯಾಯಾಲಯದ ಕೆಲಸ. ಈ ಗಡಿ ಅಳಿಸಿದರೆ ವಿದ್ಯೆಗೂ ನ್ಯಾಯಕ್ಕೂ ಸಮನಾಗಿ ಹಾನಿ.