ಶೂಜಿ ತೆರಯಾಮ

ಶೂಜಿ ತೆರಯಾಮ (ಡಿಸೆಂಬರ್ 10, 1935 – ಮೇ 4, 1983) ಜಪಾನಿನ ಕವಿ, ನಾಟಕಕಾರ, ರಂಗನಿರ್ದೇಶಕ ಹಾಗೂ ಪ್ರಾಯೋಗಿಕ ಚಲನಚಿತ್ರಗಳ ನಿರ್ದೇಶಕ. ಬೆಳ್ಳಿತೆರೆಗೂ ಪ್ರೇಕ್ಷಕರಿಗೂ ನಡುವಿನ ಅಂತರವನ್ನು ಅಳಿಸಲು ಯತ್ನಿಸಿದ ಕಲಾವಿದರಲ್ಲಿ ಇವರು ಪ್ರಮುಖರು.

ಬಾಲ್ಯ

ತೆರಯಾಮ ಉತ್ತರ ಜಪಾನಿನ ಅಓಮೊರಿ ಪ್ರಾಂತ್ಯದ ಹಿರೊಸಾಕಿಯಲ್ಲಿ ಜನಿಸಿದರು. ಪೊಲೀಸ್ ಇಲಾಖೆಯಲ್ಲಿದ್ದ ತಂದೆ ಎರಡನೆಯ ಮಹಾಯುದ್ಧಕ್ಕೆ ತೆರಳಿ, 1945ರಲ್ಲಿ ಇಂಡೋನೇಷ್ಯಾದ ಸೆಲೆಬೆಸ್ ದ್ವೀಪದಲ್ಲಿ ಮೃತರಾದರು. ಅದೇ ವರ್ಷ ಅಓಮೊರಿ ನಗರವು ಅಮೆರಿಕದ ವಾಯುದಾಳಿಗೆ ಸಿಲುಕಿ ಬೆಂದುಹೋಯಿತು. ತಾಯಿ ಹಾತ್ಸು ಜೀವನೋಪಾಯಕ್ಕಾಗಿ ಅಮೆರಿಕನ್ ಸೇನಾನೆಲೆಯಲ್ಲಿ ಕೆಲಸಕ್ಕೆ ಸೇರಿ ಮುಂದೆ ದೂರದ ಕ್ಯೂಶೂ ದ್ವೀಪಕ್ಕೆ ಹೋದರು. ಬಾಲಕ ಶೂಜಿ ಚಿತ್ರಮಂದಿರ ನಡೆಸುತ್ತಿದ್ದ ಬಂಧುಗಳ ಆಶ್ರಯದಲ್ಲಿ, ಆ ಚಿತ್ರಮಂದಿರದಲ್ಲಿಯೇ ವಾಸಿಸುತ್ತ ಬೆಳೆದರು. ಮುಂದೆ ಪರದೆಯನ್ನೇ ಸೀಳಿದ ಕಲಾವಿದನಿಗೆ ಇದಕ್ಕಿಂತ ಉಚಿತವಾದ ಬಾಲ್ಯ ದೊರಕುವುದು ಕಷ್ಟ.

ಕಾವ್ಯ

1954ರಲ್ಲಿ ಟೋಕಿಯೋದ ವಸೇದಾ ವಿಶ್ವವಿದ್ಯಾಲಯವನ್ನು ಸೇರಿದ ವರ್ಷವೇ, 31 ಅಕ್ಷರಗಳ ಸಾಂಪ್ರದಾಯಿಕ ತಾಂಕಾ ಪದ್ಯಗಳಿಗೆ ಬಹುಮಾನ ಬಂದಿತು. ಬೆನ್ನಲ್ಲೇ, ಇತರರ ಹೈಕುಗಳಿಂದ ಸಾಲುಗಳನ್ನು ಎತ್ತಿಕೊಂಡರೆಂಬ ಆಪಾದನೆಯೂ ಬಂದಿತು. ಮೂತ್ರಪಿಂಡದ ಕಾಯಿಲೆಯಿಂದ ವರ್ಷಗಟ್ಟಲೆ ಆಸ್ಪತ್ರೆಯಲ್ಲಿ ಮಲಗಬೇಕಾಗಿ ವ್ಯಾಸಂಗ ನಿಂತಿತು. ಅವರ ಪದ್ಯಗಳಲ್ಲಿ ತಾಯಿ ತೀರಿಹೋದವಳಾಗಿ ಬರುತ್ತಾಳೆ. ವಾಸ್ತವದಲ್ಲಿ ಆಕೆ ಮಗನಿಗಿಂತಲೂ ಹೆಚ್ಚು ಕಾಲ ಬದುಕಿದ್ದರು. ಆತ್ಮಕಥೆಯೆಂದು ಬರೆದುದರಲ್ಲಿಯೂ ಕಲ್ಪನೆಯನ್ನು ಬೆರೆಸುವುದು ಅವರ ಪದ್ಧತಿ. ಆದ್ದರಿಂದ ಅವರ ಬರಹಗಳನ್ನಷ್ಟೇ ನಂಬಿ ಜೀವನಚರಿತ್ರೆ ರಚಿಸಲು ಬಾರದು.

ರಂಗಭೂಮಿ

1967ರಲ್ಲಿ ಪತ್ನಿ ಕ್ಯೋಕೊ ಕುಜೊ, ಚಿತ್ರಕಲಾವಿದ ತಾದನೊರಿ ಯೊಕೊ ಮೊದಲಾದವರೊಡನೆ 'ತೆಂಜೊ ಸಾಜಿಕಿ' ತಂಡವನ್ನು ಸ್ಥಾಪಿಸಿದರು. ರಂಗಮಂದಿರದ ಮೇಲ್ತುದಿಯ ಅಗ್ಗದ ಆಸನಗಳೆಂಬುದು ಈ ಹೆಸರಿನ ಅರ್ಥ. ದಾಂಪತ್ಯ 1970ರಲ್ಲಿ ಮುರಿದರೂ ಕುಜೊ ತಂಡದ ಕಾರ್ಯನಿರ್ವಹಣೆಯನ್ನು ಬಿಡಲಿಲ್ಲ. 1975ರ 'ನಾಕ್' ನಾಟಕಕ್ಕೆ ರಂಗಮಂದಿರವೇ ಇರಲಿಲ್ಲ. ಟೋಕಿಯೋದ ಸುಗಿನಾಮಿ ಬಡಾವಣೆಯ ಬೀದಿಗಳಲ್ಲಿ, ಮನೆಬಾಗಿಲುಗಳಲ್ಲಿ ಅದು ಸುಮಾರು 30 ಗಂಟೆಗಳ ಕಾಲ ನಡೆಯಿತು. ಅಪರಿಚಿತರು ಬಾಗಿಲು ತಟ್ಟಿದ್ದರಿಂದ ಗಾಬರಿಗೊಂಡ ನಿವಾಸಿಗಳು ದೂರಿತ್ತು, ಪೊಲೀಸರು ಬರಬೇಕಾಯಿತು. ಒಪ್ಪಿಗೆಯಿಲ್ಲದವರನ್ನು ಪ್ರೇಕ್ಷಕರನ್ನಾಗಿಸುವುದು ನ್ಯಾಯವೇ ಎಂಬ ಆಕ್ಷೇಪಕ್ಕೆ ಈ ಪ್ರಯೋಗದಲ್ಲಿ ಸಮಾಧಾನವಿಲ್ಲ.

ಚಲನಚಿತ್ರಗಳು

'ಪುಸ್ತಕಗಳನ್ನೆಸೆದು ಬೀದಿಗಿಳಿಯಿರಿ' (1971) ಚಿತ್ರದ ಆರಂಭದಲ್ಲಿ ತರುಣನೊಬ್ಬ ಕತ್ತಲೆಯಲ್ಲಿ ಸುಮ್ಮನೆ ಕುಳಿತ ಪ್ರೇಕ್ಷಕರನ್ನೇ ಮೂದಲಿಸುತ್ತಾನೆ. 1974ರ 'ಲಾರಾ' ಸುಮಾರು ಒಂಬತ್ತು ನಿಮಿಷಗಳ ಕಿರುಚಿತ್ರ. ತೆರೆಯ ಮೇಲಿನ ಮೂವರು ಹೆಂಗಸರು ನೋಡುಗರನ್ನು ಹೀಯಾಳಿಸುತ್ತಿರಲು, ಸಭೆಯಿಂದ ಒಬ್ಬನು ಎದ್ದು, ಸೀಳುಗಳಿರುವ ಪರದೆಯೊಳಕ್ಕೆ ನುಗ್ಗುತ್ತಾನೆ; ಮರುಕ್ಷಣ ಚಿತ್ರದೊಳಗೆ ಕಾಣಿಸಿಕೊಂಡು, ಬಟ್ಟೆ ಕಳೆದುಕೊಂಡು, ಪುನಃ ಸಭೆಗೆ ಬಂದು ಬೀಳುತ್ತಾನೆ. ನಟನು ಖುದ್ದಾಗಿ ಹಾಜರಿಲ್ಲದೆ ಈ ಚಿತ್ರದ ಪ್ರದರ್ಶನ ಪೂರ್ಣವಾಗದು. 'ಶಿನ್ಪಾನ್' (1975) ಚಿತ್ರದಲ್ಲಿ ಪ್ರೇಕ್ಷಕರೇ ಎದ್ದು ಬಂದು ಪರದೆಗೆ ಮೊಳೆ ಹೊಡೆಯಬೇಕು.

ಅವರ ಕೃತಿಗಳಲ್ಲಿ ಶ್ರೇಷ್ಠವೆನ್ನಬಹುದಾದ 'ದೆನ್‌ಎನ್ ನಿ ಶಿಸು' (1974) ಕಾನ್ ಚಿತ್ರೋತ್ಸವದಲ್ಲಿ ಸ್ಪರ್ಧಿಸಿತು. ತನ್ನ ಬಾಲ್ಯವನ್ನು ಚಿತ್ರೀಕರಿಸುತ್ತಿರುವ ನಿರ್ದೇಶಕನೊಬ್ಬ, ತಾನು ತೋರಿಸಿದ್ದೆಲ್ಲ ಅಂದಗೊಳಿಸಿದ ಸುಳ್ಳೆಂದು ನಡುವೆಯೇ ಒಪ್ಪಿಕೊಂಡು, ತಾಯಿಯನ್ನು ಕೊಲ್ಲಲು ಗತಕಾಲಕ್ಕೆ ಹಿಂದಿರುಗುತ್ತಾನೆ. ಕೊಲ್ಲಲಾಗದು. ಕೊನೆಯಲ್ಲಿ ತಾಯಿಮಗ ಊಟಕ್ಕೆ ಕುಳಿತಿರುವಾಗ ಮನೆಯ ಗೋಡೆ ಕಳಚಿ ಬೀಳುತ್ತದೆ. ಸುತ್ತಲೂ ಟೋಕಿಯೋದ ಶಿಂಜುಕು ಬೀದಿಯ ಜನಸಂದಣಿ. ಅವರಿಬ್ಬರೂ ಉಣ್ಣುತ್ತಲೇ ಇರುತ್ತಾರೆ.

ನಿಧನ

ದೀರ್ಘಕಾಲದ ಅಸ್ವಸ್ಥತೆಯ ನಂತರ ತೆರಯಾಮ 47ನೆಯ ವಯಸ್ಸಿನಲ್ಲಿ ಟೋಕಿಯೋದಲ್ಲಿ ನಿಧನರಾದರು. ಅವರಿಲ್ಲದೆ ತಂಡವು ವಿಸರ್ಜನೆಗೊಂಡಿತು. ಕೊನೆಯ ಚಿತ್ರ 'ಸರಾಬಾ ಹಾಕೊಬುನೆ' 1984ರಲ್ಲಿ ತೆರೆಕಂಡಿತು. 1997ರಲ್ಲಿ ಮಿಸಾವಾದಲ್ಲಿ ಅವರ ಸ್ಮಾರಕ ವಸ್ತುಸಂಗ್ರಹಾಲಯ ಆರಂಭವಾಯಿತು.