ಪಾವ್ಲೋವನ ಎರಡನೆಯ ನಾಯಿ

ಪಾವ್ಲೋವನ ಹೆಸರು ಕೇಳಿದೊಡನೆ, ಶಿಕ್ಷಣಶಾಸ್ತ್ರ ಓದಿದವರಿಗೆಲ್ಲ ಗಂಟೆಯ ಸದ್ದಿಗೆ ಜೊಲ್ಲು ಸುರಿಸುವ ನಾಯಿಯ ನೆನಪಾಗುತ್ತದೆ. ಪಠ್ಯಪುಸ್ತಕ ಸಾಮಾನ್ಯವಾಗಿ ಅಲ್ಲಿಗೇ ನಿಲ್ಲುತ್ತದೆ. ಆದರೆ ಆತನ ಬಾಳಿನ ಉತ್ತರಾರ್ಧದಲ್ಲಿ ಇನ್ನೊಂದು ನಾಯಿ ಬರುತ್ತದೆ. ಅದು ಕಲಿತು ಕಲಿತು ಕೊನೆಗೆ ಬುದ್ಧಿಗೆಟ್ಟ ನಾಯಿ. ಅನೇಕ ವರ್ಷ ಮಕ್ಕಳಿಗೆ ಪಾಠ ಹೇಳಿದ ನನಗೆ ಈ ಎರಡನೆಯ ನಾಯಿಯೇ ಹೆಚ್ಚು ಪರಿಚಿತವೆನಿಸುತ್ತದೆ.

ಇವಾನ್ ಪೆಟ್ರೋವಿಚ್ ಪಾವ್ಲೋವನು 1849ರಲ್ಲಿ ರಷ್ಯದ ರಿಯಾಜಾನ್ ಪಟ್ಟಣದಲ್ಲಿ ಪಾದ್ರಿಯೊಬ್ಬನ ಮಗನಾಗಿ ಜನಿಸಿದನು. ಬಾಲ್ಯದಲ್ಲಿ ಎತ್ತರದಿಂದ ಬಿದ್ದು ಪೆಟ್ಟಾದುದರಿಂದ ಶಾಲೆ ಸೇರುವುದು ತಡವಾಯಿತು. ತಂದೆಯ ವೃತ್ತಿಯನ್ನೇ ಹಿಡಿಯಲೆಂದು ಮತಧರ್ಮದ ಪಾಠಶಾಲೆಯಲ್ಲಿ ಓದುತ್ತಿದ್ದವನು ವಿಜ್ಞಾನದ ಮೋಹಕ್ಕೆ ಒಳಗಾಗಿ, 1870ರಲ್ಲಿ ಸೇಂಟ್ ಪೀಟರ್ಸ್‌ಬರ್ಗ್ ವಿಶ್ವವಿದ್ಯಾನಿಲಯವನ್ನು ಸೇರಿದನು. 1881ರಲ್ಲಿ ಮದುವೆಯಾಯಿತು, ಸಂಸಾರ ಬಹುಕಾಲ ಬಡತನದಲ್ಲಿಯೇ ಸಾಗಿತು. 1890ರಲ್ಲಿ ಪ್ರಾಧ್ಯಾಪಕ ಪದವಿ ದೊರೆತ ಮೇಲೆಯೇ ಕೈ ಸ್ವಲ್ಪ ಸಡಿಲವಾದುದು. ಜೀರ್ಣಾಂಗಗಳ ಕಾರ್ಯವನ್ನು ಕುರಿತ ಸಂಶೋಧನೆಗಾಗಿ 1904ರಲ್ಲಿ ನೊಬೆಲ್ ಪಾರಿತೋಷಕ ಬಂದಿತು. ಅಷ್ಟರಲ್ಲಿಯೇ ಆತನ ಲಕ್ಷ್ಯ ಬೇರೆಡೆಗೆ ತಿರುಗಿದ್ದಿತು. ಆಹಾರ ಬಾಯಿಗೆ ಬರುವ ಮೊದಲೇ, ಅದನ್ನು ತರುವವನನ್ನು ಕಂಡೊಡನೆ, ನಾಯಿಗೆ ಲಾಲಾರಸ ಒಸರುವುದೇಕೆ? ಈ ಪ್ರಶ್ನೆಯ ಬೆನ್ನು ಹತ್ತಿ ಆತನು ಉಳಿದ ಆಯುಷ್ಯವನ್ನೆಲ್ಲ ಕಳೆದನು.

1914ರ ಸುಮಾರಿಗೆ, ಆತನ ಸಹಾಯಕಿಯಾದ ಶೆಂಗರ್ ಕ್ರೆಸ್ಟೋವ್ನಿಕೋವಾ ಎಂಬಾಕೆ ಒಂದು ನಾಯಿಗೆ ಆಕೃತಿಗಳ ಪಾಠ ಹೇಳುತ್ತಿದ್ದಳು. ಪರದೆಯ ಮೇಲೆ ವೃತ್ತ ಮೂಡಿದರೆ ಆಹಾರ ಉಂಟು. ಅಂಡಾಕೃತಿ ಮೂಡಿದರೆ ಇಲ್ಲ. ಮೊದಲು ಅಂಡಾಕೃತಿಯ ಉದ್ದಗಲಗಳ ಪ್ರಮಾಣ 2ಕ್ಕೆ 1 ಇದ್ದಿತು; ನಾಯಿ ಸುಲಭವಾಗಿ ಕಲಿಯಿತು. ಆಮೇಲೆ ಅಂಡಾಕೃತಿಯನ್ನು ಮೆಲ್ಲಮೆಲ್ಲನೆ ವೃತ್ತದ ಸನಿಹಕ್ಕೆ ತಂದರು. 9ಕ್ಕೆ 8ರ ಪ್ರಮಾಣ ಬಂದಾಗ ಭೇದ ಅಷ್ಟಿಷ್ಟು ತಿಳಿಯಿತು. ಮೂರು ವಾರ ಅಭ್ಯಾಸ ಮಾಡಿಸಿದರೂ ಸುಧಾರಿಸಲಿಲ್ಲ, ಬದಲು ತಿಳಿದುದೂ ಅಳಿಸಿಹೋಯಿತು. ಅದುವರೆಗೆ ಶಾಂತವಾಗಿ ನಿಲ್ಲುತ್ತಿದ್ದ ನಾಯಿ ಕಿರುಚಿತು, ಒದ್ದಾಡಿತು, ಉಪಕರಣಗಳನ್ನು ಹಲ್ಲಿನಿಂದ ಹರಿಯಿತು. ಮೊದಲಿನ ಸುಲಭ ಪಾಠವೂ ಅದಕ್ಕೆ ಮರೆತುಹೋಗಿದ್ದಿತು. ಯಾರೂ ಅದನ್ನು ಹೊಡೆದಿರಲಿಲ್ಲ. ಬಿಡಿಸಲಾಗದ ಸಂದಿಗ್ಧವೊಂದೇ ಅದನ್ನು ಕೆಡಿಸಿದ್ದಿತು.

1924ರ ಸೆಪ್ಟೆಂಬರಿನಲ್ಲಿ ಲೆನಿನ್‌ಗ್ರಾಡಿಗೆ ಮಹಾಪ್ರವಾಹ ಬಂದಿತು. ನಾಯಿಗಳ ಗೂಡುಗಳಿಗೆ ನೀರು ನುಗ್ಗಿತು. ಬಿರುಗಾಳಿಯಲ್ಲಿ ಅವನ್ನು ಈಜಿಸಿಕೊಂಡು ಪ್ರಯೋಗಾಲಯಕ್ಕೆ ತಂದು ಉಳಿಸಿದರು. ಪ್ರಾಣ ಉಳಿದರೂ ಕೆಲವು ನಾಯಿಗಳ ಕಲಿಕೆ ಅಳಿಯಿತು. ಸ್ಪೆರಾನ್‌ಸ್ಕಿ ಎಂಬ ಸಹಾಯಕನು ಪರೀಕ್ಷಿಸಿದ ಒಂದು ನಾಯಿ ಆಹಾರವನ್ನೂ ಒಲ್ಲೆನೆಂದಿತು. ಪರಿಚಿತನಾದ ಪ್ರಯೋಗಕಾರನು ಕೋಣೆಯಲ್ಲಿ ಜೊತೆಗೆ ಕುಳಿತರೆ ಮಾತ್ರ ಅದಕ್ಕೆ ಸಮಾಧಾನ. ಅದು ಬಹುಮಟ್ಟಿಗೆ ಚೇತರಿಸಿಕೊಂಡ ಮೇಲೆ, ಬಾಗಿಲ ಸಂದಿನಿಂದ ಸ್ವಲ್ಪ ನೀರನ್ನು ಒಳಗೆ ಹರಿಯಬಿಟ್ಟರು. ಹಳೆಯ ಭಯ ಒಮ್ಮೆಲೇ ಮರಳಿತು.

ಈ ಪ್ರಯೋಗವನ್ನು ಓದುವಾಗ ನನ್ನ ಮನಸ್ಸು ನೋಯುತ್ತದೆ. ಆ ಮೂಕಪ್ರಾಣಿಗಳು ತಾವಾಗಿ ಬಂದವಲ್ಲ; ನರಳಿಸಿ ಪಡೆದ ತಿಳಿವಳಿಕೆ ಅದು. 1935ರಲ್ಲಿ ಸಂಸ್ಥೆಯ ಅಂಗಳದಲ್ಲಿ ನಾಯಿಗೊಂದು ಸ್ಮಾರಕ ನಿಂತಿತು. ಮರುವರ್ಷ ಫೆಬ್ರವರಿಯಲ್ಲಿ, ತನ್ನ 86ನೆಯ ವಯಸ್ಸಿನಲ್ಲಿ, ಪಾವ್ಲೋವನು ತೀರಿಕೊಂಡನು. ಸ್ಮಾರಕದಿಂದ ಆ ಋಣ ತೀರಿತೆಂದು ನಾನು ಹೇಳಲಾರೆ.

ಆದರೆ ಚಿಕಿತ್ಸೆಯ ದಾರಿಯೂ ಅಲ್ಲಿಯೇ ತೋರಿತು. ಕೆಟ್ಟ ನಾಯಿಗೆ ವಿಶ್ರಾಂತಿ ಕೊಟ್ಟರು. ಕೆಲವಕ್ಕೆ ಬ್ರೋಮೈಡ್ ಕೊಟ್ಟರು. ಅಂಡಾಕೃತಿಯ ನಾಯಿಗೆ 2ಕ್ಕೆ 1ರ ಪಾಠವನ್ನು ಮತ್ತೆ ಮೊದಲಿನಿಂದ ಹೇಳಿದರು. ಅದಕ್ಕೆ ಮುಂಚಿನ ಎರಡರಷ್ಟು ಕಾಲ ಹಿಡಿಯಿತು. ಆದರೂ ನಾಯಿ ಶಾಂತವಾಯಿತು. ಒಡೆಯನು ಹೊರಗೆ ಹೋದೊಡನೆ ಬಾಗಿಲನ್ನು ಕೆರೆಯುವ, ಪಟಾಕಿಯ ಸದ್ದಿಗೆ ಮಂಚದಡಿ ನಡುಗುವ, ತನ್ನ ಬಾಲದ ಸುತ್ತ ತಾನೇ ತಿರುಗುವ ನಾಯಿಗಳಿಗೆ ಇಂದಿನ ಪಶುವೈದ್ಯರು ಹೇಳುವುದೂ ಬಹುಮಟ್ಟಿಗೆ ಇದನ್ನೇ: ಭಯದ ಕಾರಣವನ್ನು ದೂರವಿರಿಸಿ, ಸಹಿಸಬಲ್ಲಷ್ಟರಿಂದ ಆರಂಭಿಸಿ, ಮೆಲ್ಲನೆ ಮುಂದುವರಿಯಬೇಕು, ಬೇಕಾದರೆ ಔಷಧವನ್ನೂ ಕೊಡಬೇಕು. ದಂಡನೆ ಭಯವನ್ನು ಹೆಚ್ಚಿಸುತ್ತದೆ.

ನಿನ್ನೆ ಬಲ್ಲವನಾಗಿದ್ದ ಹುಡುಗ ಇಂದು ಹಲಗೆಯ ಮುಂದೆ ಬೆವತು ನಿಂತಾಗ, ಸೋಮಾರಿಯೆಂದು ಗದರಿಸುವುದು ನಮಗೆ ಸುಲಭ. ಆ ಗಳಿಗೆಯಲ್ಲಿ ನನಗೆ 9ಕ್ಕೆ 8ರ ಅಂಡಾಕೃತಿ ನೆನಪಾಗುತ್ತದೆ. ಲೆಕ್ಕವನ್ನು ಅಳಿಸಿ, ಇನ್ನೂ ಸುಲಭವಾದುದೊಂದನ್ನು ಬರೆದುಕೊಡುತ್ತೇನೆ.